ಅಮೆರಿಕದ ಐವತ್ತು ರಾಜಧಾನಿಗಳು: ಉರು ಹೊಡೆಯದೆ ನೆನಪಿಡುವ ದಾರಿ

ಓದುಗರಿಂದ ಒಂದೇ ಪ್ರಶ್ನೆ ಬೇರೆ ಬೇರೆ ರೂಪದಲ್ಲಿ ಬರುತ್ತಲೇ ಇದೆ. ಅಮೆರಿಕದಲ್ಲಿ ನೆಲೆಸಿರುವ ತಂದೆ ತಾಯಂದಿರು ಮಗುವಿನ ಶಾಲೆಯಲ್ಲಿ ರಾಜ್ಯಗಳ ಮತ್ತು ರಾಜಧಾನಿಗಳ ಪರೀಕ್ಷೆ ಇದೆ, ಹೇಗೆ ಕಲಿಸುವುದು ಎಂದು ಕೇಳುತ್ತಾರೆ. ಇಲ್ಲಿ ಕ್ವಿಜ್‌ಗೆ ತಯಾರಾಗುವ ವಿದ್ಯಾರ್ಥಿಗಳು ಐವತ್ತು ಹೆಸರು ಬಾಯಿಗೆ ಬಂದರೂ ಎರಡು ವಾರದಲ್ಲಿ ಮರೆತುಹೋಗುತ್ತವೆ ಎನ್ನುತ್ತಾರೆ. ಪೌರತ್ವದ ಸಂದರ್ಶನಕ್ಕೆ ಸಿದ್ಧರಾಗುತ್ತಿರುವವರದ್ದು ಇನ್ನೊಂದು ಚಿಂತೆ. ಎಲ್ಲರಿಗೂ ಇಲ್ಲಿ ಒಟ್ಟಿಗೆ ಉತ್ತರಿಸುತ್ತಿದ್ದೇನೆ.

ನನ್ನ ಸಲಹೆಯ ತಿರುಳು ಇಷ್ಟು: ಅಕಾರಾದಿ ಪಟ್ಟಿಯನ್ನು ಬದಿಗಿಡಿ. ಪ್ರತಿ ರಾಜ್ಯದ ಮುಂದೆಯೂ ‘ರಾಜಧಾನಿ ಇಲ್ಲೇ ಏಕೆ ಬಂತು?’ ಎಂದು ಕೇಳಿ. ಕಾರಣ ಗೊತ್ತಾದ ಊರಿನ ಹೆಸರು ಸುಲಭವಾಗಿ ಮರೆಯುವುದಿಲ್ಲ. ಪಟ್ಟಿಯನ್ನು ಮಗ್ಗಿಯಂತೆ ಒಪ್ಪಿಸಲು ಕಲಿತವರನ್ನು ನಡುವೆ ತಡೆದು ‘ನೆಬ್ರಾಸ್ಕ?’ ಎಂದರೆ ಅವರು ಮತ್ತೆ ಅಲಬಾಮದಿಂದ ಶುರು ಮಾಡಬೇಕಾಗುತ್ತದೆ.

ಏನೇನು ಬೇಕು?

ರಾಜ್ಯಗಳ ಗಡಿ ಮಾತ್ರ ಇರುವ, ಹೆಸರುಗಳಿಲ್ಲದ ಖಾಲಿ ನಕ್ಷೆಯ ಹತ್ತಾರು ಪ್ರತಿಗಳು. ನದಿಗಳನ್ನು ತೋರಿಸುವ ಒಂದು ಒಳ್ಳೆಯ ನಕ್ಷೆ. ಪೆನ್ಸಿಲ್, ಒಂದು ನೋಟ್‌ಬುಕ್, ಅಂಗೈ ಅಗಲದ ಐವತ್ತು ಚೀಟಿಗಳು. ದಿನಕ್ಕೆ ಅರ್ಧ ಗಂಟೆ ಸಾಕು. ದುಬಾರಿ ಆ್ಯಪ್ ಏನೂ ಬೇಡ.

ಮೂರು ಪದಗಳು ಮೊದಲೇ ಸ್ಪಷ್ಟವಾಗಿರಲಿ. ಅಲ್ಲಿನ ಗವರ್ನರ್ ನಮ್ಮ ರಾಜ್ಯಪಾಲರಂತೆ ನೇಮಕಗೊಂಡವರಲ್ಲ. ಜನರೇ ಆರಿಸಿದವರು, ಅಧಿಕಾರದಲ್ಲಿ ನಮ್ಮ ಮುಖ್ಯಮಂತ್ರಿಗಳಿಗೆ ಹತ್ತಿರ. ಅವರ ಕಚೇರಿ ಮತ್ತು ಶಾಸನಸಭೆ ಇರುವ ಊರೇ ರಾಜಧಾನಿ. ಶಾಸನಸಭೆ ಸೇರುವ ಕಟ್ಟಡವನ್ನು ಕ್ಯಾಪಿಟಲ್ ಅಥವಾ ಸ್ಟೇಟ್ ಹೌಸ್ ಎನ್ನುತ್ತಾರೆ. ನಗರವನ್ನು ಸೂಚಿಸುವ ಇಂಗ್ಲಿಷ್ ಪದಕ್ಕೂ ಕಟ್ಟಡವನ್ನು ಸೂಚಿಸುವ ಪದಕ್ಕೂ ಉಚ್ಚಾರ ಒಂದೇ, ಕಾಗುಣಿತ ಬೇರೆ. ನಗರದ ಪದದ ಕೊನೆಯ ‘ಎಲ್’ ಅಕ್ಷರದ ಮೊದಲು ‘ಎ’ ಬರುತ್ತದೆ, ಕಟ್ಟಡದ ಪದದಲ್ಲಿ ‘ಒ’ ಬರುತ್ತದೆ. ಮಕ್ಕಳು ಲಿಖಿತ ಪರೀಕ್ಷೆಯಲ್ಲಿ ಇಲ್ಲಿ ಅಂಕ ಕಳೆದುಕೊಳ್ಳುತ್ತಾರೆ. ಇನ್ನು ಟೆರಿಟರಿ ಎಂದರೆ ರಾಜ್ಯದ ಸ್ಥಾನ ಸಿಗುವ ಮೊದಲು ಕೇಂದ್ರದ ಆಡಳಿತದಲ್ಲಿದ್ದ ಪ್ರದೇಶ. ಪಶ್ಚಿಮದ ಬಹಳಷ್ಟು ರಾಜಧಾನಿಗಳು ಟೆರಿಟರಿಯ ಕಾಲದಲ್ಲೇ ನಿಗದಿಯಾದವು.

ಹಂತ 1: ರಾಜಧಾನಿಗೆ ಮೊದಲು ರಾಜ್ಯ

ಖಾಲಿ ನಕ್ಷೆಯಲ್ಲಿ ಐವತ್ತೂ ರಾಜ್ಯಗಳನ್ನು ಗುರುತಿಸಲು ಬಾರದೆ ರಾಜಧಾನಿಗೆ ಕೈ ಹಾಕಬೇಡಿ. ಅವಸರದಲ್ಲಿ ಬಹುತೇಕರು ಬಿಟ್ಟುಬಿಡುವ ಹಂತವೇ ಇದು. ವರ್ಮಾಂಟ್ ಎಲ್ಲಿದೆ ಎಂದು ಗೊತ್ತಿಲ್ಲದವರಿಗೆ ಮಾಂಟ್‌ಪಿಲಿಯರ್ ಎಂಬ ಹೆಸರು ಬರಿಯ ಸದ್ದು. ಪೂರ್ವ ಕರಾವಳಿಯ ಚಿಕ್ಕ ರಾಜ್ಯಗಳಿಗೆ ಹೆಚ್ಚು ಸಮಯ ಕೊಡಿ. ಪಶ್ಚಿಮದವು ದೊಡ್ಡವು, ಚೌಕಾಕಾರದವು, ಬೇಗ ಕೂರುತ್ತವೆ.

ಇದೇ ಹಂತದಲ್ಲಿ ಒಂದು ಗೊಂದಲ ನಿವಾರಿಸಿಕೊಳ್ಳಿ. ವಾಷಿಂಗ್ಟನ್ ಡಿ.ಸಿ. ದೇಶದ ರಾಜಧಾನಿ. ಅದು ಯಾವ ರಾಜ್ಯಕ್ಕೂ ಸೇರಿಲ್ಲ, ತಾನೂ ರಾಜ್ಯವಲ್ಲ. ವಾಷಿಂಗ್ಟನ್ ರಾಜ್ಯ ದೇಶದ ಇನ್ನೊಂದು ತುದಿಯಲ್ಲಿ, ಪೆಸಿಫಿಕ್ ತೀರದಲ್ಲಿದೆ. ಸಿಯಾಟಲ್ ಅದರ ದೊಡ್ಡ ನಗರ, ಒಲಿಂಪಿಯ ಅದರ ರಾಜಧಾನಿ.

ಹಂತ 2: ಸುಲಭದ ಹದಿನೇಳನ್ನು ಮೊದಲು ಮುಗಿಸಿ

ಐವತ್ತರಲ್ಲಿ ಹದಿನೇಳು ರಾಜ್ಯಗಳಲ್ಲಿ ಮಾತ್ರ ಅತಿ ದೊಡ್ಡ ನಗರವೇ ರಾಜಧಾನಿ. ಇವುಗಳಲ್ಲಿ ಹಲವನ್ನು ನೀವು ಈಗಾಗಲೇ ಕೇಳಿರುತ್ತೀರಿ. ಅಟ್ಲಾಂಟ, ಫೀನಿಕ್ಸ್, ಬಾಸ್ಟನ್‌ಗಳಲ್ಲಿ ನಿಮ್ಮ ನೆಂಟರೋ ಸ್ನೇಹಿತರೋ ಇದ್ದರೂ ಇರಬಹುದು.

ಮ್ಯಾಸಚೂಸೆಟ್ಸ್‌ಗೆ ಬಾಸ್ಟನ್, ರೋಡ್ ಐಲ್ಯಾಂಡ್‌ಗೆ ಪ್ರಾವಿಡೆನ್ಸ್, ಜಾರ್ಜಿಯಕ್ಕೆ ಅಟ್ಲಾಂಟ, ಪಶ್ಚಿಮ ವರ್ಜೀನಿಯಕ್ಕೆ ಚಾರ್ಲ್‌ಸ್ಟನ್, ಟೆನೆಸಿಗೆ ನ್ಯಾಶ್‌ವಿಲ್, ಮಿಸಿಸಿಪ್ಪಿಗೆ ಜಾಕ್ಸನ್, ಅರ್ಕಾನ್ಸಾಗೆ ಲಿಟಲ್ ರಾಕ್, ಒಹಾಯೊಗೆ ಕೊಲಂಬಸ್, ಇಂಡಿಯಾನಕ್ಕೆ ಇಂಡಿಯಾನಾಪೊಲಿಸ್, ಅಯೋವಕ್ಕೆ ಡಿ ಮಾಯ್ನ್, ಒಕ್ಲಹೋಮಕ್ಕೆ ಒಕ್ಲಹೋಮ ಸಿಟಿ, ಕೊಲರಾಡೊಗೆ ಡೆನ್ವರ್, ಯೂಟಾಗೆ ಸಾಲ್ಟ್ ಲೇಕ್ ಸಿಟಿ, ವಯೋಮಿಂಗ್‌ಗೆ ಶಾಯೆನ್, ಐಡಹೋಗೆ ಬಾಯ್ಸಿ, ಅರಿಜೋನಕ್ಕೆ ಫೀನಿಕ್ಸ್, ಹವಾಯಿಗೆ ಹೊನೊಲುಲು.

ಖಾಲಿ ನಕ್ಷೆಯಲ್ಲಿ ಈ ಹದಿನೇಳನ್ನು ಬರೆದು ಬಣ್ಣ ಹಚ್ಚಿ. ಮೂರನೇ ಒಂದು ಭಾಗ ಮುಗಿಯಿತು. ಇವುಗಳಲ್ಲಿ ಫೀನಿಕ್ಸ್ ದೊಡ್ಡದು. 2020ರ ಜನಗಣತಿಯಂತೆ ಅಲ್ಲಿನ ಜನಸಂಖ್ಯೆ 16 ಲಕ್ಷ ದಾಟಿದೆ. ಅಮೆರಿಕದ ಯಾವ ರಾಜ್ಯದ ರಾಜಧಾನಿಯೂ ಇಷ್ಟು ದೊಡ್ಡದಿಲ್ಲ.

ಎಚ್ಚರಿಕೆ: ಹಳೆಯ ಪುಸ್ತಕಗಳಲ್ಲಿ ಈ ಹದಿನೇಳರ ಪಟ್ಟಿ ಸ್ವಲ್ಪ ಬೇರೆ ಇರುತ್ತದೆ. ಟೆನೆಸಿಯಲ್ಲಿ ಹಿಂದೆ ಮೆಂಫಿಸ್ ದೊಡ್ಡದಾಗಿತ್ತು, ಈಗ ನ್ಯಾಶ್‌ವಿಲ್ ಮುಂದಿದೆ. ದಕ್ಷಿಣ ಕ್ಯಾರೊಲಿನದಲ್ಲಿ ರಾಜಧಾನಿ ಕೊಲಂಬಿಯವನ್ನು ಕರಾವಳಿಯ ಚಾರ್ಲ್‌ಸ್ಟನ್ ಹಿಂದಿಕ್ಕಿದೆ. ರಾಜಧಾನಿಗಳು ಬದಲಾಗಿಲ್ಲ, ಜನಸಂಖ್ಯೆ ಬದಲಾಗಿದೆ.

ಹಂತ 3: ದೊಡ್ಡ ನಗರದ ಬಲೆ

ತಪ್ಪುಗಳಲ್ಲಿ ಹೆಚ್ಚಿನವು ಹುಟ್ಟುವುದು ಇಲ್ಲಿ. ನ್ಯೂಯಾರ್ಕ್ ರಾಜ್ಯದ ರಾಜಧಾನಿ ನ್ಯೂಯಾರ್ಕ್ ನಗರ, ಇಲಿನಾಯ್‌ಗೆ ಶಿಕಾಗೊ, ಕ್ಯಾಲಿಫೋರ್ನಿಯಕ್ಕೆ ಲಾಸ್ ಏಂಜಲೀಸ್ ಎಂದು ಬರೆಯುವವರು ತೀರಾ ಹೆಚ್ಚು. ಬೆಂಗಳೂರು, ಚೆನ್ನೈ, ಮುಂಬೈ, ಹೈದರಾಬಾದ್‌ಗಳನ್ನು ಕಂಡು ಬೆಳೆದ ನಮಗೆ ದೊಡ್ಡ ಊರೇ ರಾಜಧಾನಿ ಎಂಬುದು ಸಹಜ ನಿಯಮವೆನಿಸುತ್ತದೆ. ಇಂದೋರ್ ಇದ್ದೂ ಭೋಪಾಲ, ಅಹಮದಾಬಾದ್ ಇದ್ದೂ ಗಾಂಧಿನಗರ ರಾಜಧಾನಿಯಾದದ್ದನ್ನು ನೆನೆಯಿರಿ. ಅಮೆರಿಕದಲ್ಲಿ ಆ ಬಗೆಯದೇ ಬಹುಮತ.

ಹಾಗಾಗಲು ಮುಖ್ಯವಾಗಿ ಮೂರು ಕಾರಣಗಳಿವೆ. ನೋಟ್‌ಬುಕ್ಕಿನಲ್ಲಿ ‘ನಡು’, ‘ಭಯ’, ‘ಕಾಲ’ ಎಂಬ ಮೂರು ತಲೆಬರಹ ಹಾಕಿ, ಪ್ರತಿ ರಾಜಧಾನಿಯನ್ನು ಅದರ ಕಾರಣದ ಕೆಳಗೆ ಬರೆಯಿರಿ. ಕೆಲವು ಎರಡು ಕಡೆಯೂ ಬರುತ್ತವೆ, ಬರಲಿ.

ನಡು ಎಂದರೆ ರಾಜ್ಯದ ಮಧ್ಯಭಾಗ. ಕುದುರೆ, ಬಂಡಿ, ದೋಣಿಗಳಲ್ಲಿ ಪ್ರಯಾಣಿಸುತ್ತಿದ್ದ ಕಾಲದಲ್ಲಿ ಕರಾವಳಿಯ ಬಂದರಿನಲ್ಲಿ ಶಾಸನಸಭೆ ನಡೆದರೆ ಒಳನಾಡಿನ ರೈತರಿಗೆ ಅಲ್ಲಿಗೆ ಹೋಗಿಬರುವುದೇ ಒಂದು ಸಾಹಸ. ಬಂದರಿನ ವರ್ತಕರು ಮತ್ತು ದೊಡ್ಡ ಜಮೀನುದಾರರೇ ಎಲ್ಲವನ್ನೂ ನಿರ್ಧರಿಸುತ್ತಾರೆ ಎಂಬ ಅಸಮಾಧಾನವೂ ಇತ್ತು. ದಕ್ಷಿಣ ಕ್ಯಾರೊಲಿನ 1786ರಲ್ಲಿ ಚಾರ್ಲ್‌ಸ್ಟನ್ನನ್ನು ಬಿಟ್ಟು ರಾಜ್ಯದ ನಡುವೆ ಹೊಸ ಊರು ಕಟ್ಟಲು ನಿರ್ಧರಿಸಿತು, ಅದೇ ಕೊಲಂಬಿಯ. ಉತ್ತರ ಕ್ಯಾರೊಲಿನ 1792ರಲ್ಲಿ ಜಮೀನು ಕೊಂಡು, ಬೀದಿಗಳ ನಕ್ಷೆ ಹಾಕಿ ರಾಲಿ ನಗರವನ್ನು ರಾಜಧಾನಿಗೆಂದೇ ಕಟ್ಟಿತು. ಪೆನ್ಸಿಲ್ವೇನಿಯದಲ್ಲಿ ರಾಜಧಾನಿ ಫಿಲಡೆಲ್ಫಿಯದಿಂದ ಲ್ಯಾಂಕಾಸ್ಟರಿಗೆ, 1812ರಲ್ಲಿ ಅಲ್ಲಿಂದ ಸಸ್ಕ್ವೆಹಾನ ನದಿದಂಡೆಯ ಹ್ಯಾರಿಸ್‌ಬರ್ಗಿಗೆ ಸರಿಯಿತು. ನ್ಯೂಯಾರ್ಕ್ ರಾಜ್ಯದಲ್ಲಿ 1797ರಿಂದ ಆಲ್ಬನಿ ರಾಜಧಾನಿ. ಅದು ನ್ಯೂಯಾರ್ಕ್ ನಗರದಿಂದ ಇನ್ನೂರು ಕಿಲೋಮೀಟರಿಗೂ ಹೆಚ್ಚು ಉತ್ತರಕ್ಕೆ ಹಡ್ಸನ್ ನದಿಯ ಮೇಲಿದೆ. ಮಿಸೌರಿ ರಾಜ್ಯವಂತೂ ಓಸೇಜ್ ನದಿ ಮಿಸೌರಿ ನದಿಯನ್ನು ಸೇರುವ ಜಾಗದಿಂದ ನಲವತ್ತು ಮೈಲಿಯ ಒಳಗೇ ರಾಜಧಾನಿ ಇರಬೇಕೆಂದು ತನ್ನ ಸಂವಿಧಾನದಲ್ಲೇ ಬರೆದುಕೊಂಡಿತು. ಹಾಗೆ ಹುಟ್ಟಿದ್ದು ಜೆಫರ್ಸನ್ ಸಿಟಿ. ಲೂಸಿಯಾನದ ಜನಪ್ರತಿನಿಧಿಗಳಿಗೆ ನ್ಯೂ ಆರ್ಲಿಯನ್ಸ್‌ನ ಪ್ರಭಾವದಿಂದ ದೂರ ಸರಿಯಬೇಕಿತ್ತು. 1849ರಲ್ಲಿ ಆಡಳಿತ ಬ್ಯಾಟನ್ ರೂಜ್‌ಗೆ ಹೋಯಿತು. ಅಲ್ಲಿನ ಈಗಿನ ಕ್ಯಾಪಿಟಲ್ ಕಟ್ಟಡ 1932ರದ್ದು, 34 ಅಂತಸ್ತಿನದು. ಅಮೆರಿಕದ ರಾಜ್ಯಗಳ ಶಾಸನಭವನಗಳಲ್ಲಿ ಅತಿ ಎತ್ತರದ್ದು ಅದೇ.

ನಡುವಿನ ಕಥೆಗಳಲ್ಲಿ ನನಗೆ ತುಂಬ ಇಷ್ಟವಾದದ್ದು ಫ್ಲಾರಿಡದ್ದು. 1821ರಲ್ಲಿ ಸ್ಪೇನಿನಿಂದ ಅಮೆರಿಕಕ್ಕೆ ಬಂದಾಗ ಅಲ್ಲಿ ಹೆಸರಿಸುವಂಥ ಊರುಗಳು ಎರಡೇ: ಪೂರ್ವದಲ್ಲಿ ಸೇಂಟ್ ಆಗಸ್ಟೀನ್, ಪಶ್ಚಿಮದ ತುದಿಯಲ್ಲಿ ಪೆನ್ಸಕೋಲ. ಸಭೆ ಒಮ್ಮೆ ಇಲ್ಲಿ, ಒಮ್ಮೆ ಅಲ್ಲಿ ಎಂದಾಗ ಪ್ರಯಾಣಕ್ಕೇ ವಾರಗಟ್ಟಲೆ ಬೇಕಾಗುತ್ತಿತ್ತು. ಕೊನೆಗೆ 1823ರಲ್ಲಿ ಆ ಊರಿನಿಂದ ಒಬ್ಬರು, ಈ ಊರಿನಿಂದ ಒಬ್ಬರು ಹೊರಟು ನಡುವೆ ಜಾಗ ಹುಡುಕಿದರು. ಮರುವರ್ಷ ಟ್ಯಾಲಹಾಸಿ ರಾಜಧಾನಿಯಾಯಿತು. ಇಷ್ಟು ಗೊತ್ತಿದ್ದರೆ ಟ್ಯಾಲಹಾಸಿ ಫ್ಲಾರಿಡದ ಉತ್ತರದ ಅಂಚಿನಲ್ಲಿ, ಮಯಾಮಿಯಿಂದ ಅಷ್ಟು ದೂರ ಏಕಿದೆ ಎಂಬುದಕ್ಕೂ ಉತ್ತರ ಸಿಕ್ಕಂತೆ.

ಎರಡನೆಯ ಕಾರಣ ಭಯ, ಅಂದರೆ ಶತ್ರುವಿನ ದಾಳಿ. ಸ್ವಾತಂತ್ರ್ಯ ಯುದ್ಧದ ನಡುವೆ, 1780ರಲ್ಲಿ, ವರ್ಜೀನಿಯ ತನ್ನ ರಾಜಧಾನಿಯನ್ನು ವಿಲಿಯಮ್ಸ್‌ಬರ್ಗಿನಿಂದ ಒಳಗಿನ ರಿಚ್‌ಮಂಡ್‌ಗೆ ಒಯ್ದಿತು. ಮಿಶಿಗನ್‌ನ ಮೊದಲ ರಾಜಧಾನಿ ಡೆಟ್ರಾಯಿಟ್. ಅದರ ಪಕ್ಕದ ನದಿಯ ಆಚೆಗೇ ಕೆನಡ, ಅಂದರೆ ಆಗಿನ ಬ್ರಿಟಿಷ್ ನೆಲ. 1812ರ ಯುದ್ಧದಲ್ಲಿ ಆ ಊರು ಬ್ರಿಟಿಷರ ವಶವಾಗಿತ್ತು. 1847ರಲ್ಲಿ ಮಿಶಿಗನ್ ಗಡಿಯಿಂದ ದೂರದ, ಆಗ ಬಹುಪಾಲು ಕಾಡಾಗಿದ್ದ ಲ್ಯಾನ್ಸಿಂಗ್‌ಗೆ ರಾಜಧಾನಿಯನ್ನು ಸಾಗಿಸಿತು.

ಮೂರನೆಯ ಕಾರಣ ಕಾಲ. ಯಾರೂ ಹೆಚ್ಚು ಗಮನಿಸದ ಕಾರಣ ಇದು, ಆದರೆ ಅತ್ಯಂತ ಉಪಯುಕ್ತ. ರಾಜಧಾನಿಯನ್ನು ಆರಿಸಿದಾಗ ಇಂದಿನ ಮಹಾನಗರ ಇರಲೇ ಇಲ್ಲ, ಇದ್ದರೂ ಸಣ್ಣ ಹಳ್ಳಿಯಾಗಿತ್ತು. ಶಿಕಾಗೊಗೆ ನಗರದ ಸ್ಥಾನ ಸಿಕ್ಕಿದ್ದು 1837ರಲ್ಲಿ. ಅದೇ ವರ್ಷ ಇಲಿನಾಯ್ ಶಾಸನಸಭೆ ವಾಂಡಾಲಿಯವನ್ನು ಬಿಟ್ಟು ಸ್ಪ್ರಿಂಗ್‌ಫೀಲ್ಡ್‌ಗೆ ಹೋಗಲು ಮತ ಹಾಕಿತು. ಅದಕ್ಕಾಗಿ ಓಡಾಡಿದವರಲ್ಲಿ ಯುವಶಾಸಕ ಅಬ್ರಹಾಂ ಲಿಂಕನ್ ಒಬ್ಬರು. ಅವರ ಸಮಾಧಿ ಇರುವುದೂ ಅದೇ ಊರಿನಲ್ಲಿ. ನೆವಾಡ 1864ರಲ್ಲಿ ರಾಜ್ಯವಾದಾಗ ಕಾರ್ಸನ್ ಸಿಟಿ ರಾಜಧಾನಿ. ಲಾಸ್ ವೇಗಸ್ ಹುಟ್ಟಿದ್ದು 1905ರಲ್ಲಿ. ಮಯಾಮಿ ಊರಾಗಿ ನೋಂದಣಿಯಾದದ್ದು 1896ರಲ್ಲಿ, ಟ್ಯಾಲಹಾಸಿಗಿಂತ ಎಪ್ಪತ್ತೆರಡು ವರ್ಷ ತಡವಾಗಿ. 1848ರಲ್ಲಿ ಕೊಲೊಮ ಎಂಬಲ್ಲಿ ಚಿನ್ನ ಸಿಕ್ಕಿದಾಗ ಗಣಿಗಳ ಕಡೆಗೆ ನುಗ್ಗಿದ ಜನಕ್ಕೆ ಸ್ಯಾಕ್ರಮೆಂಟೊ ಹೆಬ್ಬಾಗಿಲಾಯಿತು; 1854ರಲ್ಲಿ ಅದು ಕ್ಯಾಲಿಫೋರ್ನಿಯದ ರಾಜಧಾನಿಯಾದಾಗ ಲಾಸ್ ಏಂಜಲೀಸ್ ಇನ್ನೂ ಸಣ್ಣ ಊರು. ವಾಷಿಂಗ್ಟನ್ ಟೆರಿಟರಿ 1853ರಲ್ಲಿ ಒಲಿಂಪಿಯವನ್ನು ಆರಿಸಿಕೊಂಡಾಗ ಸಿಯಾಟಲ್‌ಗೆ ಮೊದಲ ವಲಸಿಗರು ಬಂದು ಎರಡೇ ವರ್ಷವಾಗಿತ್ತು.

ಅಲಾಸ್ಕದ ಜುನೊ ಕೂಡ ಚಿನ್ನದ ಊರೇ. 1880ರಲ್ಲಿ ಅಲ್ಲಿ ಚಿನ್ನ ದೊರೆಯಿತು, ಹೊಸ ಶತಮಾನದ ಆರಂಭದಲ್ಲಿ ಆಡಳಿತ ಸಿಟ್ಕದಿಂದ ಅಲ್ಲಿಗೆ ಬಂತು. ಆ್ಯಂಕರೇಜ್ 1915ರಲ್ಲಿ ರೈಲು ಕೆಲಸಗಾರರ ಡೇರೆಗಳಿಂದ ಬೆಳೆದ ನಗರ. ಜುನೊಗೆ ಹೊರಗಿನಿಂದ ರಸ್ತೆಯೇ ಇಲ್ಲ. ಹಡಗಿನಲ್ಲೋ ವಿಮಾನದಲ್ಲೋ ಹೋಗಬೇಕು. ಈ ಕಷ್ಟಕ್ಕೆ 1974ರಲ್ಲಿ ಜನ ರಾಜಧಾನಿಯನ್ನು ಬೇರೆಡೆಗೆ ಒಯ್ಯಲು ಮತ ಹಾಕಿದರು, 1976ರಲ್ಲಿ ವಿಲೊ ಎಂಬ ಜಾಗವನ್ನೂ ಆರಿಸಿದರು. ಖರ್ಚಿನ ಲೆಕ್ಕ ಮುಂದಿಟ್ಟಾಗ, 1982ರಲ್ಲಿ, ಬೇಡವೆಂದರು. ಜುನೊ ಹಾಗೇ ಉಳಿಯಿತು.

ಟೆಕ್ಸಾಸ್ ಈ ಮೂರರಲ್ಲಿ ಯಾವುದಕ್ಕೂ ಪೂರ್ತಿ ಒಗ್ಗುವುದಿಲ್ಲ. ಅದು ಸ್ವತಂತ್ರ ದೇಶವಾಗಿದ್ದಾಗ ಹ್ಯೂಸ್ಟನ್ ಸ್ವಲ್ಪ ಕಾಲ ರಾಜಧಾನಿಯಾಗಿತ್ತು. ಪಶ್ಚಿಮಕ್ಕೆ ವಿಸ್ತರಿಸುವ ಕನಸಿನಲ್ಲಿ 1839ರಲ್ಲಿ ಗಡಿಯಂಚಿನ ವಾಟರ್‌ಲೂ ಎಂಬ ಹಳ್ಳಿಯನ್ನು ಆರಿಸಿ ಆಸ್ಟಿನ್ ಎಂದು ಹೆಸರಿಟ್ಟರು.

ಎಚ್ಚರಿಕೆ: ಈ ಹಂತದಲ್ಲಿ ದಿನಕ್ಕೆ ನಾಲ್ಕೈದು ರಾಜಧಾನಿಗಳಿಗಿಂತ ಹೆಚ್ಚು ತೆಗೆದುಕೊಳ್ಳಬೇಡಿ. ಕಾರಣವನ್ನು ನಿಮ್ಮದೇ ಮಾತಿನಲ್ಲಿ, ಒಂದು ಸಾಲಿನಲ್ಲಿ ಬರೆಯಿರಿ. ಇಲ್ಲಿಂದ ನಕಲು ಮಾಡಿದ ಸಾಲು ನಿಮ್ಮ ನೆನಪಿನಲ್ಲಿ ಉಳಿಯುವುದಿಲ್ಲ.

ಹಂತ 4: ಉಳಿದ ಹದಿನೆಂಟಕ್ಕೆ ನದಿ ಹಿಡಿದು ಹೊರಡಿ

ಈಗ ನದಿಗಳಿರುವ ನಕ್ಷೆ ತೆಗೆಯಿರಿ. ರೈಲು ಬರುವ ಮೊದಲು ಸರಕೂ ಜನರೂ ಸಾಗಿದ್ದು ನೀರಿನ ಮೇಲೆ. ಆದ್ದರಿಂದ ಹಳೆಯ ರಾಜಧಾನಿಗಳು ನದಿದಂಡೆಯಲ್ಲಿ ಸಾಲಾಗಿ ಸಿಗುತ್ತವೆ.

ಈಶಾನ್ಯದ ಮೂಲೆಯಿಂದ ಶುರು ಮಾಡಿ. ಮೇನ್ ರಾಜ್ಯದ ಆಗಸ್ಟ ಕೆನೆಬೆಕ್ ನದಿಯ ಮೇಲೆ, ನ್ಯೂ ಹ್ಯಾಂಪ್‌ಶೈರ್‌ನ ಕಾಂಕರ್ಡ್ ಮೆರಿಮ್ಯಾಕ್ ಮೇಲೆ, ಕನೆಕ್ಟಿಕಟ್‌ನ ಹಾರ್ಟ್‌ಫರ್ಡ್ ಕನೆಕ್ಟಿಕಟ್ ನದಿಯ ಮೇಲೆಯೇ. 1875ರವರೆಗೆ ಆ ರಾಜ್ಯಕ್ಕೆ ಹಾರ್ಟ್‌ಫರ್ಡ್ ಮತ್ತು ನ್ಯೂ ಹೇವನ್ ಎರಡೂ ರಾಜಧಾನಿಗಳಾಗಿದ್ದವು. ವರ್ಮಾಂಟ್‌ನ ಮಾಂಟ್‌ಪಿಲಿಯರ್ ಐವತ್ತರಲ್ಲೇ ಅತಿ ಚಿಕ್ಕದು, ಸುಮಾರು ಎಂಟು ಸಾವಿರ ಜನ. ನಮ್ಮ ಒಂದು ಹೋಬಳಿ ಕೇಂದ್ರದಷ್ಟು. ನ್ಯೂ ಜೆರ್ಸಿಯ ಟ್ರೆಂಟನ್ ಡೆಲವೇರ್ ನದಿಯ ದಂಡೆಯಲ್ಲಿದೆ; 1776ರ ಡಿಸೆಂಬರ್ 26ರಂದು ಜಾರ್ಜ್ ವಾಷಿಂಗ್ಟನ್ ಹೆಪ್ಪುಗಟ್ಟುವ ಚಳಿಯಲ್ಲಿ ಆ ನದಿ ದಾಟಿ ಯುದ್ಧ ಗೆದ್ದದ್ದು ಇಲ್ಲೇ. ಡೆಲವೇರ್ ರಾಜ್ಯದ ರಾಜಧಾನಿ ಮಾತ್ರ ಆ ನದಿಯಿಂದ ದೂರದ ಡೋವರ್.

ಮೇರಿಲ್ಯಾಂಡ್‌ನ ಅನಾಪೊಲಿಸ್ ಬಳಿ ಸ್ವಲ್ಪ ನಿಲ್ಲಿ. ಅಲ್ಲಿನ ಸ್ಟೇಟ್ ಹೌಸ್ ಕಟ್ಟಲು ತೊಡಗಿದ್ದು 1772ರಲ್ಲಿ. ಇಂದಿಗೂ ಶಾಸನಸಭೆ ಅಲ್ಲೇ ಸೇರುತ್ತದೆ. ಅಷ್ಟು ಹಿಂದಿನಿಂದ ನಿರಂತರವಾಗಿ ಬಳಕೆಯಲ್ಲಿರುವ ಶಾಸನಭವನ ಅಮೆರಿಕದಲ್ಲಿ ಇನ್ನೊಂದಿಲ್ಲ. 1783ರ ನವೆಂಬರಿನಿಂದ ಮರುವರ್ಷ ಆಗಸ್ಟಿನವರೆಗೆ ಅದು ಇಡೀ ದೇಶದ ರಾಜಧಾನಿಯೂ ಆಗಿತ್ತು. ಯುದ್ಧ ಮುಗಿಸಿದ ವಾಷಿಂಗ್ಟನ್ 1783ರ ಡಿಸೆಂಬರ್ 23ರಂದು ಸೇನಾಧಿಪತ್ಯವನ್ನು ಹಿಂದಿರುಗಿಸಿದ್ದು ಆ ಕಟ್ಟಡದಲ್ಲೇ. ಬಾಲ್ಟಿಮೋರ್ ಎಷ್ಟೇ ದೊಡ್ಡದಿರಲಿ, ಇದನ್ನು ಓದಿದ ಮೇಲೆ ಅನಾಪೊಲಿಸ್ ಮರೆಯಲಾರಿರಿ.

ದಕ್ಷಿಣಕ್ಕೆ ಬಂದರೆ ಉಳಿದಿರುವುದು ಎರಡು. ಕೆಂಟಕಿಯ ಫ್ರಾಂಕ್‌ಫರ್ಟ್ ಕೆಂಟಕಿ ನದಿಯ ಮೇಲೆ, ಲೂಯಿವಿಲ್ ಮತ್ತು ಲೆಕ್ಸಿಂಗ್ಟನ್ ನಡುವೆ ಇದೆ. ಅಲಬಾಮದ ಮಾಂಟ್‌ಗಮರಿಗೆ ಎರಡು ಬಗೆಯ ಇತಿಹಾಸವಿದೆ. 1861ರಲ್ಲಿ ಗುಲಾಮಗಿರಿಯನ್ನು ಉಳಿಸಿಕೊಳ್ಳಲು ಒಕ್ಕೂಟದಿಂದ ಬೇರೆಯಾದ ದಕ್ಷಿಣದ ರಾಜ್ಯಗಳ ಮೊದಲ ರಾಜಧಾನಿ ಅದು. ಆಮೇಲೆ ಆ ಸ್ಥಾನ ರಿಚ್‌ಮಂಡ್‌ಗೆ ಹೋಯಿತು. 1955ರಲ್ಲಿ ರೋಸಾ ಪಾರ್ಕ್ಸ್ ಎಂಬ ಕರಿಯ ಮಹಿಳೆ ಬಸ್ಸಿನಲ್ಲಿ ಬಿಳಿಯರಿಗೆ ಸೀಟು ಬಿಟ್ಟುಕೊಡಲು ಒಪ್ಪದೆ ಬಂಧನಕ್ಕೊಳಗಾಗಿ, ಅದರಿಂದ ಬಸ್ ಬಹಿಷ್ಕಾರ ಶುರುವಾದದ್ದೂ ಅದೇ ಊರಿನಲ್ಲಿ.

ಮಿಸಿಸಿಪ್ಪಿ ನದಿಯ ದಂಡೆಯಲ್ಲಿ ಎರಡೇ ರಾಜಧಾನಿಗಳಿವೆ: ಮೇಲುಗಡೆ ಮಿನೆಸೋಟದ ಸೇಂಟ್ ಪಾಲ್, ಕೆಳಗಡೆ ಬ್ಯಾಟನ್ ರೂಜ್. ಮಿಸಿಸಿಪ್ಪಿ ರಾಜ್ಯದ ಜಾಕ್ಸನ್ ಇರುವುದು ಪರ್ಲ್ ನದಿಯ ಮೇಲೆ. ಕ್ವಿಜ್‌ನಲ್ಲಿ ಕೇಳಲು ಹೇಳಿ ಮಾಡಿಸಿದ ಪ್ರಶ್ನೆ. ಮಿಸೌರಿ ನದಿಯ ಮೇಲೆ ಮೂರು: ಉತ್ತರ ಡಕೋಟದ ಬಿಸ್ಮಾರ್ಕ್, ದಕ್ಷಿಣ ಡಕೋಟದ ಪಿಯರ್, ಮತ್ತು ಈಗಾಗಲೇ ಕಂಡ ಜೆಫರ್ಸನ್ ಸಿಟಿ. ಮೇಲಿನಿಂದ ಕೆಳಕ್ಕೆ ನದಿ ಹರಿಯುವ ಕ್ರಮದಲ್ಲೇ ಹೇಳಿಕೊಳ್ಳಿ.

ವಿಸ್ಕಾನ್ಸಿನ್‌ನ ಮ್ಯಾಡಿಸನ್ ಎರಡು ಕೆರೆಗಳ ನಡುವಿನ ಕಿರಿದಾದ ನೆಲದ ಮೇಲಿದೆ. ನಕ್ಷೆಯಲ್ಲಿ ಒಮ್ಮೆ ನೋಡಿದರೆ ಸಾಕು. ನೆಬ್ರಾಸ್ಕದ ಲಿಂಕನ್, ಕಾನ್ಸಾಸ್‌ನ ಟೊಪೀಕ ಎರಡೂ ಬಯಲು ಸೀಮೆಯವು. ಶಾಲೆಗಳಲ್ಲಿ ಕರಿಯ ಮತ್ತು ಬಿಳಿಯ ಮಕ್ಕಳನ್ನು ಬೇರ್ಪಡಿಸುವುದು ಸಂವಿಧಾನಬಾಹಿರ ಎಂದು 1954ರಲ್ಲಿ ಸುಪ್ರೀಂ ಕೋರ್ಟ್ ತೀರ್ಪಿತ್ತ ಪ್ರಕರಣದಲ್ಲಿ ಪ್ರತಿವಾದಿಯಾಗಿದ್ದದ್ದು ಟೊಪೀಕದ ಶಿಕ್ಷಣ ಮಂಡಳಿ. ಮೊಂಟಾನದ ಹೆಲೆನ 1864ರಲ್ಲಿ ಚಿನ್ನ ಸಿಕ್ಕಿ ಹುಟ್ಟಿದ ಊರು. ಆರೆಗಾನ್‌ನ ಸೇಲಂ ವಿಲಾಮೆಟ್ ನದಿಯ ಮೇಲಿದೆ.

ನ್ಯೂ ಮೆಕ್ಸಿಕೊದ ಸಾಂಟಾ ಫೆ ಕೊನೆಗಿರಲಿ. ಸ್ಪೇನಿನವರು 1610ರ ಸುಮಾರಿಗೆ ಸ್ಥಾಪಿಸಿದ ಈ ಊರು ಅಮೆರಿಕದ ರಾಜ್ಯ ರಾಜಧಾನಿಗಳಲ್ಲೆಲ್ಲ ಹಳೆಯದು, ಸಮುದ್ರಮಟ್ಟದಿಂದ ಅತಿ ಎತ್ತರದ್ದೂ ಹೌದು, ಸುಮಾರು ಏಳು ಸಾವಿರ ಅಡಿ. ಮೈಲಿ ಎತ್ತರದ ಊರೆಂದು ಹೆಸರಾದ ಡೆನ್ವರ್ 5,280 ಅಡಿಯಲ್ಲಿದೆ. ಎತ್ತರದ ಪ್ರಶ್ನೆಗೆ ಡೆನ್ವರ್ ಎಂದು ಉತ್ತರಿಸುವವರು ಇದನ್ನು ಗಮನಿಸಬೇಕು.

ಹಂತ 5: ಅವಳಿ ಹೆಸರುಗಳನ್ನು ಬಿಡಿಸಿಕೊಳ್ಳಿ

ಐವತ್ತೂ ಬಂದ ಮೇಲೆ ಕಾಡುವುದು ಒಂದೇ ಹೆಸರಿನ ಅಥವಾ ಹೋಲುವ ಹೆಸರಿನ ಊರುಗಳು. ಇವನ್ನು ಜೋಡಿಯಾಗಿ ಚೀಟಿಯ ಮೇಲೆ ಬರೆಯಿರಿ.

ಪಶ್ಚಿಮ ವರ್ಜೀನಿಯದ ಚಾರ್ಲ್‌ಸ್ಟನ್ ರಾಜಧಾನಿ, ದಕ್ಷಿಣ ಕ್ಯಾರೊಲಿನದ ಚಾರ್ಲ್‌ಸ್ಟನ್ ಅಲ್ಲ. ಆಗಸ್ಟ ಎಂದಾಗ ಗಾಲ್ಫ್ ನೆನಪಾಗುವುದು ಜಾರ್ಜಿಯದ ಆಗಸ್ಟ. ರಾಜಧಾನಿ ಇರುವುದು ಮೇನ್‌ನಲ್ಲಿ. 1775ರ ಯುದ್ಧದ ಕಾಂಕರ್ಡ್ ಮ್ಯಾಸಚೂಸೆಟ್ಸ್‌ನದು. ಮಾಟಗಾತಿಯರೆಂದು ಆರೋಪ ಹೊರಿಸಿ ವಿಚಾರಣೆ ನಡೆಸಿದ ಸೇಲಂ ಕೂಡ ಅಲ್ಲಿಯದೇ. ಕೊಲಂಬಸ್ ಒಹಾಯೊಗೆ, ಕೊಲಂಬಿಯ ದಕ್ಷಿಣ ಕ್ಯಾರೊಲಿನಕ್ಕೆ. ಜಾಕ್ಸನ್‌ವಿಲ್ ಫ್ಲಾರಿಡದ ಜನಭರಿತ ನಗರ, ಜಾಕ್ಸನ್ ಮಿಸಿಸಿಪ್ಪಿಯ ರಾಜಧಾನಿ. ಪೋರ್ಟ್‌ಲ್ಯಾಂಡ್ ಎಂಬ ಹೆಸರಿನ ಊರು ಮೇನ್‌ನಲ್ಲೂ ಆರೆಗಾನ್‌ನಲ್ಲೂ ಅತಿ ದೊಡ್ಡದು, ಎರಡೂ ಕಡೆ ರಾಜಧಾನಿಯಲ್ಲ. ಕಾನ್ಸಾಸ್ ಸಿಟಿ ಎಂಬ ಪ್ರಸಿದ್ಧ ನಗರದ ದೊಡ್ಡ ಭಾಗ ಇರುವುದು ಮಿಸೌರಿಯಲ್ಲಿ. ಅದು ಯಾವ ರಾಜ್ಯದ ರಾಜಧಾನಿಯೂ ಅಲ್ಲ.

ಅಧ್ಯಕ್ಷರ ಹೆಸರಿನ ರಾಜಧಾನಿಗಳು ನಾಲ್ಕು: ಜಾಕ್ಸನ್, ಜೆಫರ್ಸನ್ ಸಿಟಿ, ಲಿಂಕನ್, ಮ್ಯಾಡಿಸನ್. ಹೆಸರಿನಲ್ಲಿ ‘ಸಿಟಿ’ ಇರುವವೂ ನಾಲ್ಕು: ಕಾರ್ಸನ್, ಜೆಫರ್ಸನ್, ಒಕ್ಲಹೋಮ, ಸಾಲ್ಟ್ ಲೇಕ್. ಬಿಸ್ಮಾರ್ಕ್ ಎಂಬುದು ಜರ್ಮನಿಯ ಚಾನ್ಸಲರ್ ಹೆಸರು; ಜರ್ಮನಿಯ ಬಂಡವಾಳವನ್ನೂ ವಲಸಿಗರನ್ನೂ ಸೆಳೆಯಲು ರೈಲು ಕಂಪನಿಯವರು 1873ರಲ್ಲಿ ಇಟ್ಟದ್ದು.

ಹಂತ 6: ಉಚ್ಚಾರ

ಕನ್ನಡದಲ್ಲಿ ಓದಿ ಕಲಿತವರು ಅಲ್ಲಿನವರ ಮುಂದೆ ಹೇಳುವಾಗ ಅಥವಾ ಕ್ವಿಜ್‌ನಲ್ಲಿ ಕೇಳಿಸಿಕೊಳ್ಳುವಾಗ ತೊಡಕು ಬರುತ್ತದೆ. ಹೆಚ್ಚಿನ ತೊಡಕು ಫ್ರೆಂಚ್ ಮೂಲದ ಹೆಸರುಗಳಲ್ಲಿ. ದಕ್ಷಿಣ ಡಕೋಟದವರು ತಮ್ಮ ರಾಜಧಾನಿಯನ್ನು ಪಿಯೇರ್ ಎನ್ನದೆ ‘ಪಿಯರ್’ ಎಂದು ಚುಟುಕಾಗಿ ಹೇಳುತ್ತಾರೆ. ಡಿ ಮಾಯ್ನ್‌ನ ಎರಡೂ ಪದಗಳ ಕೊನೆಯ ‘ಎಸ್’ ಮೌನ. ಬಾಯ್ಸಿಯಲ್ಲಿ ಸ್ಥಳೀಯರು ‘ಸಿ’ ಎನ್ನುತ್ತಾರೆ, ‘ಝಿ’ ಅಲ್ಲ. ಹೆಲೆನದಲ್ಲಿ ಒತ್ತು ಮೊದಲ ಅಕ್ಷರದ ಮೇಲೆ. ಅರ್ಕಾನ್ಸಾ ಎಂಬ ರಾಜ್ಯದ ಹೆಸರಿನ ಕೊನೆಯ ‘ಎಸ್’ ಕೂಡ ಉಚ್ಚಾರಕ್ಕಿಲ್ಲ, ಆದರೆ ಕಾನ್ಸಾಸ್‌ನಲ್ಲಿದೆ. ಬರೆಯುವ ಪರೀಕ್ಷೆ ಇರುವ ಮಕ್ಕಳಿಗೆ ಇಂಗ್ಲಿಷ್ ಕಾಗುಣಿತವನ್ನು ಬೇರೆಯಾಗಿ ಬರೆಸಿ. ಟ್ಯಾಲಹಾಸಿ, ಮಾಂಟ್‌ಪಿಲಿಯರ್, ಜುನೊ ಮೂರನ್ನೂ ಹೆಚ್ಚು ಸಲ.

ಹಂತ 7: ಪರೀಕ್ಷಿಸಿಕೊಳ್ಳುವುದು

ಓದುವುದಕ್ಕಿಂತ ನೆನಪಿಸಿಕೊಳ್ಳುವ ಪ್ರಯತ್ನಕ್ಕೆ ಹೆಚ್ಚು ಸಮಯ ಕೊಡಿ. ಚೀಟಿಯ ಒಂದು ಬದಿಗೆ ರಾಜ್ಯ, ಇನ್ನೊಂದು ಬದಿಗೆ ರಾಜಧಾನಿ. ಮೊದಲ ವಾರ ರಾಜ್ಯ ನೋಡಿ ರಾಜಧಾನಿ ಹೇಳಿ, ಮುಂದಿನ ವಾರ ತಿರುಗಿಸಿ. ಈ ಎರಡನೆಯ ದಿಕ್ಕನ್ನು ಅನೇಕರು ಅಭ್ಯಾಸ ಮಾಡುವುದೇ ಇಲ್ಲ. ‘ಡೋವರ್ ಯಾವ ರಾಜ್ಯದ ರಾಜಧಾನಿ?’ ಎಂದಾಗ ತಡವರಿಸುತ್ತಾರೆ. ತಪ್ಪಾದ ಚೀಟಿಗಳನ್ನು ಬೇರೆ ಇಟ್ಟು ಮರುದಿನ, ಮೂರು ದಿನದ ನಂತರ, ವಾರದ ನಂತರ, ಹದಿನೈದು ದಿನದ ನಂತರ ಮತ್ತೆ ನೋಡಿ. ಪ್ರತಿ ಸಲವೂ ಚೀಟಿಗಳನ್ನು ಕಲಸಿ.

ನಾಲ್ಕು ಉತ್ತರಗಳಲ್ಲಿ ಒಂದನ್ನು ಆರಿಸುವ ಆಟಗಳನ್ನು ನಂಬಿ ಕೂರಬೇಡಿ. ಕಣ್ಣಿಗೆ ಬಿದ್ದ ಹೆಸರನ್ನು ಗುರುತಿಸುವುದು ಸುಲಭ, ಖಾಲಿ ಹಾಳೆಯ ಮುಂದೆ ನೆನಪಿಸಿಕೊಳ್ಳುವುದು ಬೇರೆಯೇ ಕೆಲಸ. ಖಾಲಿ ನಕ್ಷೆಯಲ್ಲಿ ಐವತ್ತನ್ನೂ ಸರಿಯಾದ ಜಾಗದಲ್ಲಿ ಬರೆಯಲು ಬಂದಾಗ ಕಲಿತಂತೆ. ಜಾಗ ಗುರುತಿಸುವಾಗ ಅಂದಾಜನ್ನು ನಂಬಬೇಡಿ, ನಕ್ಷೆ ನೋಡಿ: ಕಾರ್ಸನ್ ಸಿಟಿ ಲಾಸ್ ಏಂಜಲೀಸ್‌ಗಿಂತಲೂ ಪಶ್ಚಿಮಕ್ಕಿದೆ.

ಅಮೆರಿಕದಲ್ಲಿರುವವರಿಗೆ ಇನ್ನೊಂದು ಅನುಕೂಲವಿದೆ. ಶಾಸನಭವನಗಳಲ್ಲಿ ಬಹುತೇಕ ಸಾರ್ವಜನಿಕರಿಗೆ ತೆರೆದಿರುತ್ತವೆ. ರಜೆಯಲ್ಲಿ ಹೋಗುವ ದಾರಿಯಲ್ಲಿ ಯಾವುದಾದರೂ ರಾಜಧಾನಿ ಸಿಕ್ಕರೆ ಮಕ್ಕಳನ್ನು ಒಳಗೆ ಕರೆದೊಯ್ಯಿರಿ. ಡೆನ್ವರ್‌ನಲ್ಲಿ ಮೈಲಿ ಎತ್ತರವನ್ನು ಗುರುತಿಸಿದ ಮೆಟ್ಟಿಲ ಮೇಲೆ ನಿಂತ ಮಗುವಿಗೆ ಕೊಲರಾಡೊದ ರಾಜಧಾನಿ ಯಾವುದೆಂದು ಮತ್ತೆ ಹೇಳಿಕೊಡಬೇಕಾಗಿಲ್ಲ.

ಪೌರತ್ವದ ಸಂದರ್ಶನಕ್ಕೆ ಹೋಗುವವರಿಗೆ

ನಿಮಗೆ ಐವತ್ತೂ ಬೇಕಿಲ್ಲ. ನಾಗರಿಕ ಜ್ಞಾನದ ಪ್ರಶ್ನೆಗಳಲ್ಲಿ ಒಂದು, ನೀವು ವಾಸಿಸುವ ರಾಜ್ಯದ ರಾಜಧಾನಿ ಯಾವುದು ಎಂಬುದು. ಮನೆ ಬದಲಿಸಿದವರು ಹಳೆಯ ರಾಜ್ಯದ ಉತ್ತರವನ್ನು ಬಾಯಿಗೆ ತಂದುಕೊಳ್ಳುವ ಅಪಾಯವಿದೆ. ಸಂದರ್ಶನದ ಹೊತ್ತಿಗೆ ಎಲ್ಲಿ ವಾಸವಿದ್ದೀರೋ ಆ ರಾಜ್ಯದ್ದನ್ನೇ ಹೇಳಬೇಕು. ನ್ಯೂ ಜೆರ್ಸಿಯಲ್ಲಿ ಮನೆ, ನ್ಯೂಯಾರ್ಕ್‌ನಲ್ಲಿ ಕೆಲಸ ಇರುವವರ ಉತ್ತರ ಟ್ರೆಂಟನ್. ವಾಷಿಂಗ್ಟನ್ ಡಿ.ಸಿ.ಯಲ್ಲೇ ವಾಸಿಸುವವರು, ಡಿ.ಸಿ. ರಾಜ್ಯವಲ್ಲ, ಅದಕ್ಕೆ ರಾಜಧಾನಿ ಇಲ್ಲ ಎಂದು ಉತ್ತರಿಸಬೇಕು. ಪೋರ್ಟೊ ರಿಕೊದಂಥ ಪ್ರದೇಶಗಳಲ್ಲಿ ಇರುವವರು ಆ ಪ್ರದೇಶದ ರಾಜಧಾನಿಯನ್ನು ಹೇಳಬೇಕು. ಪೋರ್ಟೊ ರಿಕೊಗೆ ಅದು ಸಾನ್ ವಾನ್. ಪ್ರಶ್ನೆಗಳ ಪಟ್ಟಿ ಆಗಾಗ ಪರಿಷ್ಕರಣೆಗೊಳ್ಳುತ್ತದೆ, ಆದ್ದರಿಂದ ಅರ್ಜಿ ಸಲ್ಲಿಸಿದ ದಿನಾಂಕಕ್ಕೆ ಅನ್ವಯವಾಗುವ ಪಟ್ಟಿಯನ್ನು ವಲಸೆ ಇಲಾಖೆಯ ಅಧಿಕೃತ ಜಾಲತಾಣದಿಂದಲೇ ಪಡೆದುಕೊಳ್ಳಿ.